ಗೈರುಹಾಜರಿಗೆ ಇಷ್ಟು ದೊಡ್ಡ ಶಿಕ್ಷೆಯೆ?

ದಾವಣಗೆರೆಯ ಮಂಡಕ್ಕಿ ಭಟ್ಟಿಯಲ್ಲಿ ದುಡಿಯುವ ಹೆಂಗಸೊಬ್ಬಳಿಗೆ ವಿರೋಧವಾಗಿ ವಿಚ್ಛೇದನದ ಡಿಕ್ರಿ ಆಯಿತೆಂದು ಇಟ್ಟುಕೊಳ್ಳೋಣ. ಡಿಕ್ರಿ ಕೊಟ್ಟದ್ದು ಊರಿನ ಕುಟುಂಬ ನ್ಯಾಯಾಲಯ. ಅಪೀಲು ಕೇಳುವುದು ಹೈಕೋರ್ಟು. 2008ರಲ್ಲಿ ಧಾರವಾಡಕ್ಕೂ ಕಲಬುರಗಿಗೂ ಪೀಠ ಬಂತು, ಸಂತೋಷ. ದಾವಣಗೆರೆಯವರಿಗೆ ಮಾತ್ರ ಬೆಂಗಳೂರೇ ಗತಿ. ಹೋಗಲಿಕ್ಕೆ ಸುಮಾರು 260 ಕಿಲೊಮೀಟರು, ಬರಲಿಕ್ಕೆ ಅಷ್ಟೇ. 2023ರಲ್ಲಿ ಸರ್ಕಾರಿ ಬಸ್ಸು ಹೆಂಗಸರಿಗೆ ಪುಕ್ಕಟೆಯಾಯಿತು, ಒಳ್ಳೆಯದೇ. ಹೋದ ಎರಡು ದಿನದ ಕೂಲಿಯನ್ನು ಯಾರು ಕಟ್ಟಿಕೊಡುತ್ತಾರೆ?

ಅವಳೇಕೆ ಹೋಗಬೇಕು, ವಕೀಲರು ನಿಂತರೆ ಸಾಲದೆ ಎನ್ನುವವರುಂಟು. ನಿಜ, ಸಾಕು. ಆದರೆ ಫೀಸಿನ ಎರಡನೆಯ ಕಂತು ಮುಟ್ಟದಿದ್ದರೆ ವಕೀಲರು ಆ ಹೊತ್ತಿಗೆ ಇನ್ನೊಂದು ಕೋರ್ಟಿನಲ್ಲಿರುತ್ತಾರೆ. ಕೇಸು ಕೂಗುತ್ತಾರೆ, ಯಾರೂ ಓಗೊಡುವುದಿಲ್ಲ. ಅಪೀಲು ವಜಾ! ಭಟ್ಟಿಯ ಹೊಗೆಯಲ್ಲಿ ನಿಂತವಳಿಗೆ ಅದರ ಸುಳಿವೂ ಇಲ್ಲ.

ಕಾನೂನು ಹೇಳುವುದೇನು? ಸಿವಿಲ್ ಪ್ರಕ್ರಿಯಾ ಸಂಹಿತೆಯ 41ನೇ ಆದೇಶದ 17ನೇ ನಿಯಮದಂತೆ, ಅಪೀಲುದಾರ ಹಾಜರಾಗದಿದ್ದರೆ ಕೋರ್ಟು ಅಪೀಲನ್ನು ವಜಾ ಮಾಡಬಹುದು. ಮಾಡಬಹುದು, ಮಾಡಲೇಬೇಕೆಂದಿಲ್ಲ. ನಾವು ಮಾಸ್ತರಿಕೆ ಬಿಟ್ಟರೂ ವ್ಯಾಕರಣ ಬಿಟ್ಟಿಲ್ಲ. 'ಬಹುದು', 'ಬೇಕು' ಎರಡಕ್ಕೂ ಇರುವ ಅಂತರವನ್ನು ಹಳ್ಳಿಯ ಹುಡುಗರೂ ಬಲ್ಲರು. ಅಪೀಲುದಾರರಿಲ್ಲದಾಗ ಅಪೀಲಿನ ಗುಣದೋಷದ ಮೇಲೆ ತೀರ್ಪು ಕೊಡಕೂಡದೆಂದು 1976ರಲ್ಲಿ ವಿವರಣೆಯನ್ನೂ ಸೇರಿಸಿದರು. ಅಂದರೆ ಇವಳ ಮಾತು ಸುಳ್ಳೆಂದು ಯಾರೂ ಹೇಳಿಲ್ಲ, ಕೇಳಿಯೂ ಇಲ್ಲ. ಆದರೂ ಸೋತವಳು ಇವಳೇ. ಸಾಲ ಕೊಟ್ಟ ಶೆಟ್ಟರ ಅಂಗಡಿ ಒಂದು ದಿನ ಮುಚ್ಚಿದ್ದರೆ ಸಾಲ ತೀರಿತೆಂದು ಯಾರಾದರೂ ಖಾತೆ ಹೊಡೆದುಹಾಕುತ್ತಾರೆಯೆ?

ಸೋಲು ಸಣ್ಣದಲ್ಲ. 1955ರ ಹಿಂದೂ ವಿವಾಹ ಕಾಯಿದೆಯ 15ನೇ ಕಲಮಿನಂತೆ ಅಪೀಲು ವಜಾ ಆದರೆ ಗಂಡನ ಮರುಮದುವೆಗೆ ಅಡ್ಡಿಯಿಲ್ಲ. ಹೆಂಡತಿಯೆಂಬ ಸ್ಥಾನ ಹೋದಮೇಲೆ, ನಾಳೆ ಅವನು ತೀರಿಕೊಂಡರೆ ವಿಧವೆಯ ಪಾಲೂ ಇಲ್ಲ. ತಕ್ಕ ಕಾರಣ ತೋರಿಸಿ ಅಪೀಲನ್ನು ಮತ್ತೆ ತೆಗೆದುಕೊಳ್ಳಿರೆಂದು ಕೇಳಲು 19ನೇ ನಿಯಮವಿದೆ. ವಾಯಿದೆ 30 ದಿನ. ಅದೂ ವಜಾ ಆದ ದಿನದಿಂದ, ಇವಳಿಗೆ ತಿಳಿದ ದಿನದಿಂದಲ್ಲ! ಗಂಡನ ಮನೆಯ ಮುಂದೆ ವಾಲಗ ಕೇಳಿದ ಮೇಲೆ ತಿಳಿದರೆ, ತಡವಾದದ್ದಕ್ಕೆ ಕ್ಷಮೆ ಕೋರಿ ಇನ್ನೊಂದು ಅರ್ಜಿ, ಇನ್ನೊಂದು ಫೀಸು.

ವಕೀಲರ ತಪ್ಪಿಗೆ ಕಕ್ಷಿಗಾರ ದಂಡ ತೆರಬಾರದೆಂದು ಸುಪ್ರೀಂ ಕೋರ್ಟು 1981ರಲ್ಲಿ ರಫೀಕ್ ಪ್ರಕರಣದಲ್ಲಿ ಹೇಳಿತು. ಆ ಮಾತು ಮಂಡಕ್ಕಿ ಭಟ್ಟಿಯ ತನಕ ನಡೆದು ಬರುವುದು ಯಾವಾಗ?

ಎದುರು ಕಕ್ಷಿಯನ್ನು ಸತಾಯಿಸಲೆಂದೇ ಅಪೀಲು ಹಾಕಿ ಮಲಗುವವರಿಲ್ಲವೆ? ಇದ್ದಾರೆ. ಹತ್ತು ವರ್ಷ ಎಳೆದಾಡಿ ಇನ್ನೊಬ್ಬರ ಬಾಳನ್ನು ತೂಗುಹಾಕುವುದು ನಮಗೂ ಸಮ್ಮತವಲ್ಲ. ಅಂಥವರ ಅಪೀಲು ಹೋಗಲಿ. ಆದರೆ ಮಲಗಿದವನು ಯಾರು, ಬರಲಾರದವಳು ಯಾರು ಎಂಬುದನ್ನು ವಿಚಾರಿಸದೆ ಇಬ್ಬರಿಗೂ ಒಂದೇ ಮುದ್ರೆ ಒತ್ತುವುದು ನ್ಯಾಯವೆ? ಕೋರ್ಟುಗಳ ಮೇಲೆ ಕೆಲಸದ ಹೊರೆಯಿದೆ ಎನ್ನುತ್ತಾರೆ. ಹೊರೆಯಿದ್ದರೆ ನ್ಯಾಯಾಧೀಶರನ್ನು ಹೆಚ್ಚಿಸಲಿ. ಬಡವರ ಕಡತ ಕಟ್ಟಿಟ್ಟು ಹೊರೆ ಇಳಿಸುವುದು ಬೇಡ.

ವಿಚ್ಛೇದನದ ಅಪೀಲನ್ನು ವಜಾ ಮಾಡುವ ಮುಂಚೆ ಕಕ್ಷಿಗಾರರ ಮನೆಯ ವಿಳಾಸಕ್ಕೆ, ಕನ್ನಡದಲ್ಲಿ, ಒಂದು ನೋಟೀಸು ಹೋಗಲೇಬೇಕು. ಊರಿನ ಕೋರ್ಟಿನಿಂದಲೇ ವೀಡಿಯೋದಲ್ಲಿ ಹಾಜರಿ ಕೊಡಲು ಏರ್ಪಾಡಾಗಬೇಕು. 24ನೇ ಕಲಮಿನಂತೆ ವ್ಯಾಜ್ಯದ ಖರ್ಚು ಕೇಳಿದ ಅರ್ಜಿ ಇತ್ಯರ್ಥವಾಗುವ ತನಕ ಅಪೀಲನ್ನು ಮುಟ್ಟಕೂಡದು. ಇವಿಷ್ಟು ನಮ್ಮ ಒತ್ತಾಯ.

1987ರ ಕಾನೂನು ಸೇವೆಗಳ ಕಾಯಿದೆಯ 12ನೇ ಕಲಮಿನಂತೆ ಹೆಂಗಸರಿಗೂ ಕಾರ್ಖಾನೆಯ ಕಾರ್ಮಿಕರಿಗೂ ಪುಕ್ಕಟೆ ವಕೀಲರು ಸಿಗಬೇಕು. ಈ ಮಾತನ್ನು ಗಿರಣಿಯ ಗೇಟಿನಲ್ಲಿ, ಸಂತೆಯಲ್ಲಿ, ನೀರಿನ ನಲ್ಲಿಯ ಹತ್ತಿರ ಹೇಳಿರಿ. ಯಾರದಾದರೂ ಅಪೀಲು ವಜಾ ಆಗಿದ್ದರೆ ಆದೇಶದ ನಕಲು, ವಕೀಲರು ಕೊಟ್ಟ ಚೀಟಿ, ಏನಿದ್ದರೂ ಹಿಡಿದುಕೊಂಡು ಪಕ್ಷದ ಕಚೇರಿಗೆ ಬನ್ನಿ. ತಾರೀಖು ಎಣಿಸಿಕೊಂಡು ಬನ್ನಿ.