ಡಿಕ್ರಿ ಆದ ಮಾತ್ರಕ್ಕೆ ಹೊಲ ಹೋಗೋದಿಲ್ಲ

ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ ಅಂತ ಹಿರಿಯರ ಗಾದೆ. ಅಡಮಾನದ ದಾವೆಗಳಲ್ಲಿ ಈ ಗಾದೆ ಇವತ್ತಿಗೂ ಸುಳ್ಳಾಗಿಲ್ಲ. ಡಿಕ್ರಿ ಪಡೆದ ಸಾಹುಕಾರನಿಗೆ ವರ್ಷಗಟ್ಟಲೆ ಕಾಸು ಬರುವುದಿಲ್ಲ. ಡಿಕ್ರಿ ಆಯಿತಂತೆ ಎಂದು ಕೇಳಿದ ರೈತ, ಇನ್ನೇನು ಹೊಲ ಹೋದ ಹಾಗೇ ಎಂದು ತಲೆ ಮೇಲೆ ಕೈ ಹೊತ್ತು ಕೂರುತ್ತಾನೆ. ಡಿಕ್ರಿಗೂ ಹರಾಜಿಗೂ ನಡುವೆ ಎಷ್ಟು ಮೆಟ್ಟಿಲುಗಳಿವೆ ಎಂಬುದು ಇಬ್ಬರಿಗೂ ಗೊತ್ತಿಲ್ಲ.

ಈ ಮಾತು ಈಗ ಏಕೆ? ಡಿಕ್ರಿ ಜಾರಿ ಅರ್ಜಿಗಳನ್ನು ಆರು ತಿಂಗಳೊಳಗೆ ಮುಗಿಸಬೇಕೆಂದು ಸುಪ್ರೀಂ ಕೋರ್ಟು 2021ರಲ್ಲಿ ಬೆಂಗಳೂರಿನ ಒಂದು ಆಸ್ತಿ ವ್ಯಾಜ್ಯದಲ್ಲಿ ಹೇಳಿತು. 2025ರ ಮಾರ್ಚಿನಲ್ಲಿ ಅದನ್ನೇ ಮತ್ತೆ ಬಿಗಿಯಾಗಿ ಹೇಳಿ, ಎಲ್ಲ ಹೈಕೋರ್ಟುಗಳಿಂದ ಲೆಕ್ಕ ಕೇಳಿತು. ಅಕ್ಟೋಬರಿನಲ್ಲಿ ಬಂದ ಲೆಕ್ಕದಂತೆ ದೇಶದಲ್ಲಿ ಬಾಕಿ ಬಿದ್ದಿದ್ದ ಜಾರಿ ಅರ್ಜಿಗಳು 8 ಲಕ್ಷ 82 ಸಾವಿರಕ್ಕೂ ಹೆಚ್ಚು. ಆ ಹೊತ್ತಿಗೆ ಕರ್ನಾಟಕದ ಲೆಕ್ಕ ಮಾತ್ರ ಬಂದೇ ಇರಲಿಲ್ಲ! ಅದೇನೇ ಇರಲಿ, ಮೇಲಿನಿಂದ ಚಾಟಿ ಬೀಸಿದ ಮೇಲೆ ಕೆಳಗಿನ ಗಾಡಿ ಓಡಲೇಬೇಕು. "ಕೋರ್ಟಿನ ಕೆಲಸ, ಹತ್ತು ವರ್ಷ ಆಗ್ತದೆ ಬಿಡ್ರಿ" ಎಂದು ನೆಮ್ಮದಿಯಾಗಿರುವ ಕಾಲ ಮುಗಿಯುತ್ತಿದೆ. ಇಷ್ಟು ದಿನ ತಡವೇ ಸಾಲಗಾರನ ಕಾವಲಾಗಿತ್ತು. ಇನ್ನು ಮೇಲೆ ಕಾನೂನಿನ ಕ್ರಮವೊಂದೇ ಕಾವಲು.

ಪರಶುರಾಂಪುರ ಹೋಬಳಿಗೆ ಇದು ದೂರದ ಮಾತಲ್ಲ. ವೇದಾವತಿ ಪಕ್ಕದಲ್ಲೇ ಹರಿದರೂ ಬಹುಪಾಲು ಹೊಲ ಮಳೆಯನ್ನೇ ನಂಬಿದೆ. ಶೇಂಗಾ ಕೈಕೊಟ್ಟ ವರ್ಷ ಹೊಲವೇ ಸಾಲಕ್ಕೆ ಆಧಾರ. ಗಡಿಯಾಚೆ ಆಂಧ್ರದವರ ಹತ್ತಿರ ಸಾಲ ಮಾಡಿದರೂ ಒಂದು ಮಾತು ನೆನಪಿರಲಿ: ಅಡಮಾನದ ದಾವೆ ನಡೆಯುವುದು ಜಮೀನು ಇರುವ ಕಡೆಯ ಕೋರ್ಟಿನಲ್ಲಿ. ಇಲ್ಲಿನ ಹೊಲಕ್ಕೆ ಅಲ್ಲಿ ದಾವೆ ಹೂಡುವಂತಿಲ್ಲ.

ಇನ್ನು ಮೆಟ್ಟಿಲುಗಳ ವಿಚಾರ. ಅಡಮಾನದ ದಾವೆಯಲ್ಲಿ ಸಿವಿಲ್ ಪ್ರಕ್ರಿಯಾ ಸಂಹಿತೆಯ 34ನೇ ಆದೇಶದಂತೆ ಮೊದಲು ಬರುವುದು ಪ್ರಾಥಮಿಕ ಡಿಕ್ರಿ. ಅಸಲೆಷ್ಟು, ಬಡ್ಡಿಯೆಷ್ಟು, ಖರ್ಚೆಷ್ಟು ಎಂದು ಲೆಕ್ಕ ಕಟ್ಟಿ, ಆರು ತಿಂಗಳು ಮೀರದಂತೆ ಹಣ ಕಟ್ಟಲು ಕೋರ್ಟು ವಾಯಿದೆ ಕೊಡುತ್ತದೆ. ತಕ್ಕ ಕಾರಣ ತೋರಿಸಿದರೆ ವಾಯಿದೆ ಮುಂದೆಯೂ ಹೋಗಬಹುದು. ಪ್ರಾಥಮಿಕ ಡಿಕ್ರಿ ಹಿಡಿದುಕೊಂಡು ಯಾರೂ ಹೊಲ ಹರಾಜು ಹಾಕಿಸಲಾರರು. ವಾಯಿದೆ ತಪ್ಪಿದ ಮೇಲೆ ಸಾಲ ಕೊಟ್ಟವನು ಅಂತಿಮ ಡಿಕ್ರಿಗೆ ಬೇರೆ ಅರ್ಜಿ ಹಾಕಬೇಕು. ಅದಕ್ಕೆ ಮೂರು ವರ್ಷದ ಮಿತಿ. ಮರೆತು ಕೂತರೆ ನಷ್ಟ ಅವನದೇ.

ಅಂತಿಮ ಡಿಕ್ರಿ ಆದ ಮೇಲೆ ಜಾರಿ ಅರ್ಜಿ. ಡಿಕ್ರಿಯಾಗಿ ಎರಡು ವರ್ಷ ದಾಟಿದ್ದರೆ ಸಾಲಗಾರನಿಗೆ ಮೊದಲು ನೋಟೀಸು ಹೋಗಬೇಕು. ಹರಾಜಿನ ಜಾಹೀರಾತು ಬರೆಯುವ ಮುಂಚೆ ಇಬ್ಬರಿಗೂ ನೋಟೀಸು ಬರುತ್ತದೆ. ಜಮೀನಿನ ಬೆಲೆ ಎಷ್ಟೆಂದು ಸಾಲಗಾರ ಬಾಯಿ ಬಿಡಬೇಕಾದ್ದು ಆಗಲೇ. ಅವನು ಹೇಳಿದ ಬೆಲೆಯೂ ಜಾಹೀರಾತಿನಲ್ಲಿ ಸೇರಬೇಕು. ಆಮೇಲೆ ಊರಲ್ಲಿ ತಮಟೆ ಸಾರಿ, ಜಮೀನಿನಲ್ಲೂ ಕೋರ್ಟಿನಲ್ಲೂ ಪಂಚಾಯಿತಿ ಕಚೇರಿಯಲ್ಲೂ ನೋಟೀಸು ಅಂಟಿಸಬೇಕು. ಕೋರ್ಟಿನಲ್ಲಿ ಅಂಟಿಸಿ 15 ದಿನ ಕಳೆಯದೆ, ಸಾಲಗಾರ ಒಪ್ಪಿ ಬರೆದುಕೊಟ್ಟ ಹೊರತು, ಹರಾಜು ಕೂಗುವಂತಿಲ್ಲ.

ಅಮೀನ ತಂದ ನೋಟೀಸು ತೆಗೆದುಕೊಳ್ಳದೆ ಹಿತ್ತಲ ಬಾಗಿಲಿಂದ ಓಡಿದವನಿಗೆ ಪೆಟ್ಟು ಬೀಳುವುದು ಇಲ್ಲೇ. ಜಾಹೀರಾತು ಬರೆಯುವ ಹೊತ್ತಿಗೆ ಎತ್ತಬಹುದಾಗಿದ್ದ ತಕರಾರನ್ನು ಹರಾಜಾದ ಮೇಲೆ ಎತ್ತಿದರೆ ಕೋರ್ಟು ಕೇಳುವುದಿಲ್ಲ. 1976ರ ತಿದ್ದುಪಡಿಯಿಂದ ಇದು ಕಾನೂನಿನಲ್ಲೇ ಇದೆ.

ಸಣ್ಣ ಸಾಲಕ್ಕೆ ಇಡೀ ಹೊಲ ಹೋಗಬೇಕೆಂದೂ ಇಲ್ಲ. ಬಾಕಿ ತೀರುವಷ್ಟು ಭಾಗ ಮಾತ್ರ ಮಾರಬೇಕು. ಆಂಧ್ರದ ಒಂದು ಪ್ರಕರಣದಲ್ಲಿ ಎರಡು ಸಾವಿರ ಚಿಲ್ಲರೆ ರೂಪಾಯಿಯ ಡಿಕ್ರಿಗೆ 10 ಎಕರೆ ಹರಾಜಾಗಿತ್ತು. 1989ರಲ್ಲಿ ಸುಪ್ರೀಂ ಕೋರ್ಟು ಅದನ್ನು ರದ್ದು ಮಾಡಿತು. ಸಾಕಾಗುವಷ್ಟೇ ಮಾರುವುದು ಕೋರ್ಟಿನ ಮರ್ಜಿಯಲ್ಲ, ಕರ್ತವ್ಯ ಎಂದಿತು. ಸಾಲ ಕೊಟ್ಟವನೇ ಹರಾಜಿನಲ್ಲಿ ಕೂಗಬೇಕಾದರೂ ಕೋರ್ಟಿನ ಅಪ್ಪಣೆ ಬೇಕು. ಇಡೀ ಆಸ್ತಿ ಒಟ್ಟಿಗೆ ಮಾರುವಾಗ, ಕೋರ್ಟು ಬೇರೆ ಹೇಳದ ಹೊರತು, ಬಾಕಿಗಿಂತ ಕಡಿಮೆಗೆ ಅವನು ಹೊಡೆದುಕೊಳ್ಳುವಂತಿಲ್ಲ.

ಹರಾಜು ಹಿಡಿದವನಿಗೂ ಕಟ್ಟುಪಾಡು ಉಂಟು. ನಾಲ್ಕನೇ ಒಂದು ಭಾಗ ಅಲ್ಲೇ ಎಣಿಸಬೇಕು. ಉಳಿದದ್ದನ್ನು 15 ದಿನದಲ್ಲಿ ಕಟ್ಟಬೇಕು. ತಪ್ಪಿದರೆ ಮರುಹರಾಜು. ಹರಾಜಿನಲ್ಲಿ ಮೋಸವೋ ದೊಡ್ಡ ಲೋಪವೋ ನಡೆದು ನಿಜವಾದ ನಷ್ಟವಾಗಿದ್ದರೆ 60 ದಿನದೊಳಗೆ ಅರ್ಜಿ ಕೊಡಬೇಕು. ಎಲ್ಲಕ್ಕಿಂತ ದೊಡ್ಡ ಮಾತೆಂದರೆ, ಕೋರ್ಟು ಹರಾಜನ್ನು ಖಾಯಂ ಮಾಡುವವರೆಗೂ ಅಡಮಾನ ಬಿಡಿಸಿಕೊಳ್ಳುವ ಬಾಗಿಲು ತೆರೆದೇ ಇರುತ್ತದೆ. ಪೂರ್ತಿ ಬಾಕಿ ಕಟ್ಟಿ, ಹರಾಜು ಹಿಡಿದವನು ಕಟ್ಟಿದ ಹಣದ ಮೇಲೆ ನೂರಕ್ಕೆ ಐದರಂತೆ ಸೇರಿಸಿ ಕೊಟ್ಟರೆ ಹೊಲ ವಾಪಸ್.

ಅಂಗಡಿಯವರು ಮಾತ್ರ ಈ ಭರವಸೆಯ ಮೇಲೆ ಕೂರಬಾರದು. ಮನೆ, ಮಳಿಗೆಯನ್ನು ಬ್ಯಾಂಕಿಗೆ ಆಧಾರ ಕೊಟ್ಟಿದ್ದರೆ 2002ರ ಸರ್ಫೇಸಿ ಕಾಯ್ದೆಯಡಿ ಬ್ಯಾಂಕು ಸಿವಿಲ್ ದಾವೆ ಇಲ್ಲದೆಯೇ, 60 ದಿನದ ನೋಟೀಸು ಕೊಟ್ಟು, ಸ್ವಾಧೀನಕ್ಕೆ ಬರಬಹುದು. ಅಲ್ಲಿ ಹರಾಜಿನ ನೋಟೀಸು ಪ್ರಕಟವಾದ ಕೂಡಲೇ ಬಿಡಿಸಿಕೊಳ್ಳುವ ಹಕ್ಕು ಮುಗಿಯಿತು. ಸಾಗುವಳಿ ಜಮೀನಿಗೆ ಆ ಕಾಯ್ದೆ ತಾಗುವುದಿಲ್ಲ.

ಒಟ್ಟಿನಲ್ಲಿ ಸಾಲ ತೀರಿಸಬೇಕಾದ್ದು ನ್ಯಾಯ. ಸಾಲ ಕೊಟ್ಟವನೂ ದುಡಿದ ದುಡ್ಡನ್ನೇ ಕೊಟ್ಟಿರುತ್ತಾನೆ. ಒಂದು ಮೆಟ್ಟಿಲು ಹಾರಿ ಹೊಲ ಹೊಡೆಯಲು ಹೋದರೆ ಅವನ ಹರಾಜೇ ಬಿದ್ದುಹೋದೀತು. ನೋಟೀಸು ಬಂದ ದಿನವೇ ಸಾಲಗಾರ ಚಳ್ಳಕೆರೆ ಬಸ್ಸು ಹತ್ತುವುದು ಕ್ಷೇಮ. ವಕೀಲರ ಫೀಜಿಗೆ ಗತಿಯಿಲ್ಲದವರಿಗೆ ಅಲ್ಲಿನ ತಾಲ್ಲೂಕು ಕಾನೂನು ಸೇವಾ ಸಮಿತಿ ಇದೆ. ಹೆಂಗಸರಿಗೆ, ಪರಿಶಿಷ್ಟ ಜಾತಿ ಪಂಗಡದವರಿಗೆ ಆದಾಯ ನೋಡದೆ ಪುಕ್ಕಟೆ ನೆರವು ಸಿಗುತ್ತದೆ. ನೋಟೀಸನ್ನು ಮಡಚಿ ಸೂರಿಗೆ ಸಿಕ್ಕಿಸಿದರೆ ವಾಯಿದೆ ನಿಲ್ಲುವುದಿಲ್ಲ.