ಹಾಳೆ ಉಳಿದರೆ ಹಾಡು ಉಳಿಯಿತೆ?

ಕಾರ್ತಿಕ ಶುದ್ಧ ದಶಮಿ ಬಂದರೆ ಚಿಪ್ಪಗಿರಿಯಲ್ಲಿ ಹರಿದಾಸ ವಿಜಯದಾಸರ ಆರಾಧನೆ. ಭಜನೆಗೆ ಕೂತವರು, ತಾಳ ಬದಲಾಗುತ್ತ ಸಾಗುವ ಅವರ ಸುಳಾದಿ ಹಾಡುತ್ತಾರೆ. ಧ್ರುವ, ಮಟ್ಟ, ತ್ರಿವಿಡಿ, ಅಟ್ಟ, ಆದಿ ಎಂದು ತಾಳದ ಹೆಸರುಗಳು ಬರಹದಲ್ಲಿ ಉಳಿದಿವೆ, ಕೊನೆಯ ಜತೆಯವರೆಗೆ ಮಾತು ಉಳಿದಿದೆ. ಆದರೆ 1755ರಲ್ಲಿ ಇಲ್ಲೇ ದೇಹ ಬಿಟ್ಟ ದಾಸರು ಯಾವ ಸ್ವರವನ್ನು ಎಲ್ಲಿ ಎಳೆದರು, ಎಲ್ಲಿ ಉಸಿರು ತೆಗೆದುಕೊಂಡರು? ಅದು ಹೋಯಿತು. ಈಗ ಕೇಳುವ ಮಟ್ಟುಗಳಲ್ಲಿ ಬಹಳಷ್ಟು ನಂತರದವರು ಕೂಡಿಸಿದವು.

ಪಿಯಾನೋ ಸಂಗೀತದವರಿಗೆ ಈ ನಷ್ಟವಿಲ್ಲ ಎಂದು ನಾನು ಬಹುಕಾಲ ತಿಳಿದಿದ್ದೆ. ಅವರದು ಪ್ರತಿ ಸ್ವರವನ್ನೂ ಬರೆದಿಡುವ ಪದ್ಧತಿ. ನನ್ನ ತಿಳಿವಳಿಕೆ ತಪ್ಪು ಎಂದು ತೋರಿಸಿದ್ದು ನಿಕೊಲಾಯ್ ಮೆಟ್ನರ್ ಬದುಕು. 1880ರಲ್ಲಿ ಮಾಸ್ಕೋದಲ್ಲಿ ಹುಟ್ಟಿದವರು, ಅಲ್ಲಿನ ಸಂಗೀತ ಶಾಲೆಯಿಂದ ಹೊರಬಂದಾಗಲೇ ದೊಡ್ಡ ಪಿಯಾನೋ ವಾದಕ ಎನಿಸಿದ್ದವರು. ಊರೂರು ತಿರುಗಿ ಕಛೇರಿ ಮಾಡುವ ದಾರಿ ತೆರೆದಿದ್ದರೂ ರಚನೆಯನ್ನೇ ಹಿಡಿದರು. 1921ರಲ್ಲಿ ರಷ್ಯ ಬಿಟ್ಟರು, 1930ರ ದಶಕದ ನಡುವೆ ಲಂಡನ್ ಸೇರಿದರು. ಮುಪ್ಪಿನಲ್ಲಿ ಹೃದಯರೋಗ, ಕೈಯಲ್ಲಿ ಕಾಸಿಲ್ಲ, ಕೇಳುವವರೂ ಕಡಿಮೆ. ಕೃತಿಗಳು ಮಾತ್ರ ಅಚ್ಚಾಗಿದ್ದವು.

ಆಗ ಕೈಹಿಡಿದವರು ಮೈಸೂರಿನ ಜಯಚಾಮರಾಜೇಂದ್ರ ಒಡೆಯರು. ಪಿಯಾನೋ ಕಛೇರಿ ವಾದಕನಾಗುವ ಹಂಬಲ ಅವರಿಗೇ ಇತ್ತು. 1940ರಲ್ಲಿ ತಂದೆ ತೀರಿಕೊಂಡರು, ಅದೇ ವರ್ಷ ಅರಸರಾಗಿದ್ದ ದೊಡ್ಡಪ್ಪನೂ ತೀರಿಕೊಂಡು ಇಪ್ಪತ್ತೊಂದರ ಹರೆಯಕ್ಕೆ ಪಟ್ಟ ಬಂತು. ತಮ್ಮ ಬೆರಳಿಗೆ ದಕ್ಕದೆ ಹೋದ ವೇದಿಕೆಯನ್ನು ಅವರು ಇನ್ನೊಬ್ಬರ ಬೆರಳಿಗೆ ಕೊಟ್ಟರು. ಅವರ ಹಣದಿಂದ ಮೆಟ್ನರ್ ತಾವೇ ಪಿಯಾನೋ ಮುಂದೆ ಕೂತು, ತಮ್ಮ ಮೂರೂ ಕಾನ್ಚೆರ್ಟೊಗಳನ್ನು ವಾದ್ಯವೃಂದದೊಂದಿಗೆ ನುಡಿಸಿ ರೆಕಾರ್ಡು ಮಾಡಿಸಿದರು. ಮೂರನೆಯದನ್ನು ಮಹಾರಾಜರಿಗೇ ಅರ್ಪಿಸಿದರು. 1951ರಲ್ಲಿ ತೀರಿಕೊಂಡರು. ರೆಕಾರ್ಡು ಕೆಲವೇ ವರ್ಷ ತಡವಾಗಿದ್ದರೆ ಆ ಕೈ ಸಿಗುತ್ತಿರಲಿಲ್ಲ.

ಅಚ್ಚಾದ ಹಾಳೆ ಇರುವಾಗ ರೆಕಾರ್ಡು ಏಕೆ? ಪಿಯಾನೋದಲ್ಲಿ ಬೆರಳು ತಂತಿಯನ್ನು ಮುಟ್ಟುವುದೇ ಇಲ್ಲ. ಕೀಲಿಮಣೆಯ ಮನೆ ಒತ್ತಿದರೆ ಒಳಗಿನ ಸುತ್ತಿಗೆ ತಂತಿಗೆ ಬಡಿಯುತ್ತದೆ. ವೀಣೆಯಂತೆ ತಂತಿ ಎಳೆದು ಗಮಕ ತರಲು ಬರುವುದಿಲ್ಲ. ವಾದಕನಿಗೆ ಉಳಿದಿರುವುದು ಎಷ್ಟು ವೇಗವಾಗಿ ಒತ್ತಬೇಕು, ಯಾವಾಗ ಬಿಡಬೇಕು, ಪೆಡಲನ್ನು ಎಷ್ಟು ಹೊತ್ತು ತುಳಿದಿರಬೇಕು, ಇಷ್ಟೇ. ಇಷ್ಟರಲ್ಲೇ ಒಬ್ಬನ ನುಡಿಸಾಣಿಕೆ ಅಳುತ್ತದೆ, ಇನ್ನೊಬ್ಬನದು ಬರೀ ಸದ್ದಾಗುತ್ತದೆ. ಹಾಳೆಯಲ್ಲಿ ಮೆಲ್ಲಗೆ ಎಂದು ಬರೆಯಬಹುದು, ಎಷ್ಟು ಮೆಲ್ಲಗೆ ಎಂಬುದು ಕೈಗೆ ಮಾತ್ರ ಗೊತ್ತು. ಆದ್ದರಿಂದ ನುಡಿಸುವವನನ್ನು ರಚನೆಯ ವಾಹಕನೆಂದು ಕರೆಯುವುದು ನನಗೆ ಒಪ್ಪಿಗೆಯಿಲ್ಲ. ರಚನೆಯ ಅರ್ಧ ಅವನಲ್ಲಿದೆ.

ಮಟ್ಟು ಮರೆತದ್ದರಿಂದಲೇ ಸುಳಾದಿ ಎಲ್ಲರದ್ದಾಯಿತು, ಬಾಯಿಗೆ ಬಂದ ರಾಗದಲ್ಲಿ ಯಾರಾದರೂ ಹಾಡಬಹುದು ಎನ್ನುವವರಿದ್ದಾರೆ. ಆ ಮಾತಿನಲ್ಲಿ ಸತ್ಯವಿದೆ. ಆದರೆ ಮೆಟ್ನರ್ ಕೈ ಉಳಿದದ್ದರಿಂದ ಮುಂದಿನವರ ಕೈ ಕಟ್ಟಿಹೋಗಲಿಲ್ಲ, ಇಂದೂ ಅವರ ಕೃತಿಗಳನ್ನು ಬೇರೆ ಬೇರೆ ಬಗೆಯಲ್ಲಿ ನುಡಿಸುತ್ತಾರೆ. ಮೂಲ ಕೇಳಿ ಬೇರೆ ದಾರಿ ಹಿಡಿಯುವುದು ಬೇರೆ, ಮೂಲವೇ ಇಲ್ಲದೆ ಹಿಡಿಯುವುದು ಬೇರೆ.

ನಮ್ಮ ಸೀಮೆಯಲ್ಲಿ ಅಜ್ಜಿಯ ಬಾಯಿಂದ ಕಲಿತ ಮಟ್ಟಿನಲ್ಲೇ ಸುಳಾದಿ ಹೇಳುವ ಮುದುಕಿಯರು ಇನ್ನೂ ಇದ್ದರೆ, ಅದನ್ನು ಉಳಿಸಿಡಲು ಮಹಾರಾಜರ ಖಜಾನೆ ಬೇಕಿಲ್ಲ. ಜೇಬಿನಲ್ಲಿ ಫೋನಿದೆ. ಮುಂದಿನ ದಶಮಿಯವರೆಗೆ ಕಾಯದೆ ಹೋಗಿ ಅವರ ಮುಂದೆ ಕೂರಬೇಕು.