ಕೇರಿ ನೋಡಿ ಎಸೆಯೋಣ

ಹಾಸ್ಟೆಲಿನ ಕಪಾಟು ತೆಗೆದು ನೋಡಿ ಗೆಳೆಯರೇ. ಹರಿದ ಗೈಡುಗಳ ಕೆಳಗೆ ಒಂದಷ್ಟು ಹೊಳೆಯುವ ಪುಸ್ತಕಗಳು ಬಿದ್ದಿರುತ್ತವೆ. ರಟ್ಟಿನ ಮೇಲೆ ವಿಧಾನಸೌಧ. ಒಳಗೆ ಸರ್ಕಾರದ ಯೋಜನೆಗಳು, ಶಾಲಾ ಮಕ್ಕಳ ಕಲಿಕೆ, ನಾಡಿನ ಕಾಡು, ಕೆರೆ, ನದಿ. ಯಾರೂ ಓದಲ್ಲ. ವಾರ್ಡನ್ನರೂ ಓದಲ್ಲ, ನಾವೂ ಓದಲ್ಲ. ಉಪ್ಪಿಟ್ಟಿನ ತಟ್ಟೆ ಕೆಳಗೆ ಹಾಸಿಕೊಂಡು, 'ಎಲ್ಲಾ ಬೂಸಾ ಕಣ್ರೋ' ಅಂತ ನಗುತ್ತೇವೆ.

ಬೂಸಾ ಅನ್ನೋದು ನಮಗೆ ಸುಮ್ಮನೆ ಬಂದ ಮಾತಲ್ಲ. 1973ರ ನವೆಂಬರಿನಲ್ಲಿ ಮೈಸೂರಿನಲ್ಲಿ ಬಿ. ಬಸವಲಿಂಗಪ್ಪನವರು ಕನ್ನಡ ಸಾಹಿತ್ಯದಲ್ಲಿ ಬೂಸಾ ಇದೆ ಅಂದರು. ಆ ಒಂದು ಮಾತಿಗೆ ಹಾಸ್ಟೆಲ್ ಹುಡುಗರು ಏಟು ತಿಂದರು, ಅವರು ಮಂತ್ರಿ ಪದವಿ ಬಿಡಬೇಕಾಯಿತು. ಅಷ್ಟು ಬೆಲೆ ತೆತ್ತು ಪಡೆದ ಮಾತನ್ನು ನಾವು ಸೋಮಾರಿತನಕ್ಕೆ ಬಳಸಬಾರದು. ಬೂಸಾ ಅನ್ನಬೇಕಾದರೂ ಮೊದಲು ಮೊರ ಹಿಡಿದು ಕೇರಬೇಕು. ನಮ್ಮವ್ವಂದಿರಿಗೆ ಗೊತ್ತಿರುವ ಈ ಕೆಲಸ ಬಿ.ಎ. ಓದಿದ ನಮಗೇಕೆ ಗೊತ್ತಿಲ್ಲ?

ಕೇರಿದರೆ ಕಾಳು ಸಿಗುತ್ತದೆ. ನಮ್ಮವರಿಗೆ ಸರ್ಕಾರ ಮಂಜೂರು ಮಾಡಿದ ಜಮೀನನ್ನು ಷರತ್ತು ಮುರಿದು, ಇಲ್ಲವೇ ಸರ್ಕಾರದ ಅನುಮತಿ ಇಲ್ಲದೆ ಯಾರು ಕೊಂಡರೂ ಅದು ನಿಲ್ಲುವುದಿಲ್ಲ ಎಂದು 1978ರ ಪಿಟಿಸಿಎಲ್ ಕಾಯ್ದೆ ಹೇಳುತ್ತದೆ. ಅಸಿಸ್ಟೆಂಟ್ ಕಮಿಷನರಿಗೆ ಅರ್ಜಿ ಕೊಟ್ಟು ಜಮೀನು ವಾಪಸ್ಸು ಕೇಳಬಹುದು. ಇದು ತಿಳಿಯದೆ ನಮ್ಮ ಅಪ್ಪಂದಿರು ಮದುವೆ ಸಾಲಕ್ಕೆ, ಆಸ್ಪತ್ರೆ ಖರ್ಚಿಗೆ ಹೆಬ್ಬೆಟ್ಟು ಒತ್ತಿದರು. ಈಗ ಅದೇ ಹೊಲಕ್ಕೆ ಕೂಲಿಗೆ ಹೋಗುತ್ತಾರೆ. ತಡವಾಗಿ ಬಂದವರ ಅರ್ಜಿ ನಡೆಯದು ಎಂದು 2017ರಲ್ಲಿ ಸುಪ್ರೀಂ ಕೋರ್ಟು ಹೇಳಿತು. ಹೋರಾಟ ನಡೆದು 2023ರಲ್ಲಿ ಕಾಲಮಿತಿ ಇಲ್ಲವೆಂದು ಕಾಯ್ದೆಗೆ ತಿದ್ದುಪಡಿ ಬಂತು. ಈ ಸುದ್ದಿ ಎಷ್ಟು ಕೇರಿಗಳಿಗೆ ಮುಟ್ಟಿದೆ? ಮುಟ್ಟಿಸಬೇಕಾದವರು ಯಾರು?

ಇನ್ನು ಬೂಸಾ. ಮಕ್ಕಳು ಆಡುತ್ತಾ ಹಾಡುತ್ತಾ ಕಲಿಯುವ ನಲಿ-ಕಲಿ ಹುಟ್ಟಿದ್ದು 1995ರಲ್ಲಿ, ಹೆಗ್ಗಡದೇವನ ಕೋಟೆ ತಾಲ್ಲೂಕಿನಲ್ಲಿ. ಒಳ್ಳೆಯದೇ, ಹೆಮ್ಮೆ ಪಡೋಣ. ಆದರೆ ಅದೇ ಕೋಟೆ ತಾಲ್ಲೂಕಿನಲ್ಲೇ ಕಬಿನಿ ಅಣೆಕಟ್ಟೆ ಎದ್ದದ್ದು. ನಾಗರಹೊಳೆ ಕಾಡಿನಿಂದ ಹೊರದಬ್ಬಿಸಿಕೊಂಡ ಜೇನುಕುರುಬರು ಹಾಡಿ ಕಟ್ಟಿಕೊಂಡದ್ದೂ ಅಲ್ಲೇ. ಕಲಿಕೆಯ ಪುಸ್ತಕ ಒಂದು ಕಡೆ, ಪರಿಸರದ ಪುಸ್ತಕ ಒಂದು ಕಡೆ, ಯೋಜನೆಯ ಪುಸ್ತಕ ಇನ್ನೊಂದು ಕಡೆ. ಮೂರನ್ನೂ ಒಟ್ಟಿಗೆ ಇಟ್ಟು, 'ಆ ಹಾಡಿಯ ಮಗು ಎಲ್ಲಿದೆ ಸ್ವಾಮಿ?' ಅಂತ ಕೇಳುವವರಿಲ್ಲ.

ನಾವು ಚಿಕ್ಕಂದಿನಲ್ಲಿ ಓದಿದ ಪರಿಸರ ಪಾಠದಲ್ಲಿ ಊರಿತ್ತು, ಬಾವಿಯಿತ್ತು, ಮರವಿತ್ತು, ಹುಲಿಯಿತ್ತು. ಕೇರಿ ಇರಲಿಲ್ಲ. ಬಾವಿ ಕಟ್ಟೆಯಿಂದ ಎಷ್ಟು ದೂರ ನಮ್ಮವ್ವ ಕೊಡ ಹಿಡಿದು ನಿಂತಿದ್ದಳು ಎಂಬುದಿರಲಿಲ್ಲ. ಸತ್ತ ದನ ಎತ್ತಿ ಊರನ್ನು ಚೊಕ್ಕಟ ಇಟ್ಟವರ ಹೆಸರಿರಲಿಲ್ಲ. 1927ರಲ್ಲಿ ಬಾಬಾಸಾಹೇಬರು ಮಹಾಡದಲ್ಲಿ ಕೆರೆಗಿಳಿದು ಬೊಗಸೆ ನೀರು ಕುಡಿದದ್ದು ನಮ್ಮ ಪಾಲಿಗೆ ಪರಿಸರ ಪಾಠವೇ. ನೀರು ಯಾರದು ಅಂತ ಕೇಳದ ಪರಿಸರ ಎಂಥ ಪರಿಸರ?

ಆದ್ದರಿಂದ ನಮ್ಮ ಮಾತು ಇಷ್ಟೇ. ಭಾನುವಾರ ಸಂಜೆ ಒಂದು ಗಂಟೆ ಹಾಸ್ಟೆಲಿನಲ್ಲಿ ಎಲ್ಲರೂ ಕೂರೋಣ. ಒಬ್ಬ ಓದಲಿ, ಉಳಿದವರು ಕೇಳಲಿ. ನಮ್ಮ ಜನಸಂಖ್ಯೆಗೆ ತಕ್ಕ ಹಣ ಬಜೆಟ್ಟಿನಲ್ಲಿ ತೆಗೆದಿಡಬೇಕೆಂದು 2013ರ ಕಾಯ್ದೆ ಇದೆ. ನಮ್ಮ ತಾಲ್ಲೂಕಿನಲ್ಲಿ ಅದು ಯಾವುದಕ್ಕೆ ಖರ್ಚಾಯಿತು ಅಂತ ಮಾಹಿತಿ ಹಕ್ಕಿನಲ್ಲಿ 10 ರೂಪಾಯಿ ಕಟ್ಟಿ ಕೇಳೋಣ. ರಜೆಗೆ ಹೋದಾಗ ಪುಸ್ತಕದಲ್ಲಿ ಇಲ್ಲದ್ದನ್ನು, ಅಂದರೆ ಕೇರಿಯ ಬೋರ್‌ವೆಲ್, ಸ್ಮಶಾನ, ಕಳೆದುಹೋದ ಜಮೀನಿನ ಸರ್ವೆ ನಂಬರು, ಎಲ್ಲವನ್ನೂ ನೋಟ್ ಪುಸ್ತಕದಲ್ಲಿ ಬರೆದು ತರೋಣ.

ನಾವು ಕವಿತೆ ಬರೆಯುವವರು, ನಿಜ. ಆದರೆ ಅವ್ವನ ಹೊಲ ವಾಪಸ್ಸು ಬರಲು ಕವಿತೆಯ ಜೊತೆ ಒಂದು ಅರ್ಜಿಯೂ ಬೇಕು. ಅದನ್ನು ಬರೆಯೋದು ಮೊದಲು ಕಲಿಯೋಣ.